ಅಮ್ಮನ ಫೋಟೊಗಳನ್ನು ನೋಡಿದವರು

ಪೀಣ್ಯದ ಒಂದು ಸಣ್ಣ ಕಾರ್ಖಾನೆಗೆ ಯಂತ್ರದ ಬಿಡಿಭಾಗಗಳ ಡ್ರಾಯಿಂಗ್ ಮಾಡಿಕೊಡುವುದು ನನ್ನ ಕೆಲಸ. ಆಗ ಮಾದನಾಯಕನಹಳ್ಳಿಯಲ್ಲಿ ಬಾಡಿಗೆಗಿದ್ದೆ. ಲ್ಯಾಪ್‌ಟಾಪಿನ ಆಂಟಿವೈರಸ್ ಅವಧಿ ಮುಗಿದಾಗ ಜೊತೆಯಲ್ಲಿ ಕೆಲಸ ಮಾಡುವವಳು ಒಂದು ಪೆನ್‌ಡ್ರೈವ್‌ನಲ್ಲಿ ಬೇರೆ ಆಂಟಿವೈರಸ್ ತಂದುಕೊಟ್ಟಳು.

"ಕ್ರ್ಯಾಕ್ ಮಾಡಿರೋದು ಕಣೇ, ಫ್ರೀ. ಹಾಕೋವಾಗ ಇರೋ ಸೆಕ್ಯುರಿಟಿ ಎಲ್ಲಾ ಆಫ್ ಮಾಡ್ಬಿಡು, ಇಲ್ದಿದ್ರೆ ಬಿಡಲ್ಲ."

ಹಾಗೆಯೇ ಮಾಡಿದೆ. ಪರದೆಯ ಮೂಲೆಯಲ್ಲಿ ಹಸಿರು ಗುರುತು ಬಂತು. ನಿಶ್ಚಿಂತೆಯಾಯಿತು.

ಒಂದು ಭಾನುವಾರ ಮಧ್ಯಾಹ್ನ ಕೆಳಗಿನ ಮನೆಯ ಓನರ್ ಅಜ್ಜಿ ಅವರೆಕಾಯಿ ಹಿಡಿದುಕೊಂಡು ಸುಲಿಯಲು ಮೇಲೆ ಬಂದರು. ಹಿಂದಿನ ವರ್ಷ ತೀರಿಕೊಂಡ ನನ್ನ ಅಮ್ಮನಿಗೆ ಅವರು ಗೆಳತಿ. "ನಿಮ್ಮವ್ವನ್ ಪೋಟೋ ತೋರ್ಸವ್ವ" ಎಂದರು. ಲ್ಯಾಪ್‌ಟಾಪಿನಲ್ಲಿ ಒಂದು ಫೋಟೊ ತೆರೆದಿಟ್ಟು ಟೀ ಮಾಡಲು ಒಳಗೆ ಹೋದೆ.

"ಇದ್ಯಾಕವ್ವ, ತಾನೇ ಓಯ್ತಾ ಐತೆ?"

ಬಂದು ನೋಡಿದರೆ ಫೋಟೊಗಳು ಒಂದೊಂದಾಗಿ ಬದಲಾಗುತ್ತಿದ್ದವು. ಅಜ್ಜಿಯ ಎರಡೂ ಕೈಯಲ್ಲಿ ಅವರೆಕಾಯಿ. ಪರದೆಯ ಮೇಲೆ ಮೌಸಿನ ಬಾಣದ ಗುರುತು ಯಾವ ಅವಸರವೂ ಇಲ್ಲದೆ ಓಡಾಡುತ್ತಿತ್ತು. ಆಸ್ಪತ್ರೆಯ ಹಾಸಿಗೆಯಲ್ಲಿದ್ದ ಅಮ್ಮನ ಫೋಟೊ ಬಂದಾಗ ನಿಂತಿತು. ತೆಗೆದ ದಿನದಿಂದ ನಾನೇ ಅದನ್ನು ಮತ್ತೆ ನೋಡಿರಲಿಲ್ಲ. ಅಮ್ಮನ ಮುಖ ದೊಡ್ಡದಾಯಿತು, ಇನ್ನೂ ದೊಡ್ಡದಾಯಿತು. ನಾನು ಮುಂದಕ್ಕೆ ಬಾಗಿದೆ. ಬಾಣ ಥಟ್ಟನೆ ನಿಂತಿತು. ಹಿಂದಕ್ಕೆ ಸರಿದೆ, ಮತ್ತೆ ಅಲುಗಿತು. ಕ್ಯಾಮೆರಾದ ಪಕ್ಕದ ಪುಟ್ಟ ದೀಪ ಉರಿಯುತ್ತಿದ್ದುದು ಆಗ ಕಂಡಿತು.

"ಯಾರೋ ನಮ್ಮನ್ನೇ ನೋಡ್ತಾವ್ರೆ ಕಣವ್ವ" ಎಂದು ಅಜ್ಜಿ ಪಿಸುಗುಟ್ಟಿ, ಸೆರಗನ್ನು ಪರದೆಯ ಮೇಲೆ ಎಳೆದರು. ನಾನು ಓಡಿಹೋಗಿ ವೈಫೈ ಡಬ್ಬಿಯ ವೈರ್ ಕಿತ್ತೆ. ಸೆರಗು ಸರಿಸಿದಾಗ ಬಾಣ ಅಮ್ಮನ ಹಣೆಯ ಮೇಲೆ ನಿಂತುಹೋಗಿತ್ತು. ಹಸಿರು ಗುರುತು ಮಾತ್ರ ಎಲ್ಲವೂ ಸುರಕ್ಷಿತ ಎನ್ನುತ್ತಲೇ ಇತ್ತು.

ಮರುದಿನ ರಿಪೇರಿ ಅಂಗಡಿಯಲ್ಲಿ ಒಂದು ಫೋಟೊವೂ ತೆರೆಯಲಿಲ್ಲ. "ಮೇಡಂ, ಇದು ಆಂಟಿವೈರಸ್ಸೇ ಅಲ್ಲ" ಎಂದರು ಅಂಗಡಿಯವರು. "ಹ್ಯಾಕರ್‌ಗಳು ಒಳಗೆ ಬರ್ಲಿ ಅಂತ ನೀವೇ ದಾರಿ ಬಿಟ್ಟಿದೀರ. ವೈರ್ ಕಿತ್ರೂ ಅವ್ರು ಹಾಕಿಟ್ಟಿದ್ದು ಒಳಗೇ ಇತ್ತು, ಎಲ್ಲಾ ಫೈಲ್ ಲಾಕ್ ಮಾಡ್ಬಿಟ್ಟಿದೆ."

"ಅವರ ಹತ್ರ ಕಾಪಿ ಇರತ್ತಾ?"

"ಇರತ್ತೆ ಮೇಡಂ."

ಲ್ಯಾಪ್‌ಟಾಪಿನಲ್ಲಿದ್ದ ಎಲ್ಲವನ್ನೂ ಅಂಗಡಿಯವರಿಂದಲೇ ಅಳಿಸಿಹಾಕಿಸಿದೆ. ಪಾಸ್‌ವರ್ಡುಗಳನ್ನು ಬದಲಾಯಿಸಿದೆ, ಜೊತೆಯವಳಿಗೂ ಫೋನ್ ಮಾಡಿ ಹೇಳಿದೆ. ಸಂಜೆ ಗೇಟಿನ ಹತ್ತಿರ ಅಜ್ಜಿ ಕಾಯುತ್ತಿದ್ದರು.

"ಅವ್ವನ್ ಪೋಟೋ ಸಿಕ್ತಾ?"

ಇಲ್ಲ ಎಂದೆ. ಬೇರೆಲ್ಲೂ ಪ್ರತಿ ಇಟ್ಟುಕೊಂಡಿರಲಿಲ್ಲ.

"ಅಂಗಾರೆ ಈಗ ಅವ್ರತ್ರ ಮಾತ್ರ ಐತೇನವ್ವ?"

ಯಾವ ಊರಿನವರೋ, ಯಾವ ಭಾಷೆಯವರೋ. ಅಮ್ಮನ ಕೊನೆಯ ಮುಖವನ್ನು ನೋಡಬೇಕೆನಿಸಿದರೆ ಇನ್ನು ನೋಡಬಲ್ಲವರು ಅವರೊಬ್ಬರೇ.