ಬೆನ್ನಿನ ರೆಕ್ಕೆಗೆ ಬಿದ್ದ ಕಚ್ಚು

ನಾನು ಇವತ್ತಿನವರೆಗೂ ಸಮುದ್ರ ನೋಡಿಲ್ಲ. ಆದರೆ ಶಾರ್ಕು, ಡಾಲ್ಫಿನ್ನುಗಳ ಬೆನ್ನಿನ ರೆಕ್ಕೆಯನ್ನು ನೋಡಿದಷ್ಟು ಹೊತ್ತು ನನ್ನ ಹಟ್ಟಿಯವರ ಮುಖವನ್ನೂ ನೋಡಿರಲಾರೆ. ಚಳ್ಳಕೆರೆಯಲ್ಲಿ ಗೊಬ್ಬರದ ಅಂಗಡಿಯ ಮೇಲಿನ ಹಾಲ್‌ನಲ್ಲಿ ನನ್ನ ಕೆಲಸ. ಉದ್ದಕ್ಕೆ ಕಂಪ್ಯೂಟರುಗಳ ಸಾಲು, ಕಿಟಕಿ ತೆಗೆದರೆ ಎಣ್ಣೆ ಮಿಲ್ಲಿನ ಶೇಂಗಾ ಹಿಂಡಿಯ ವಾಸನೆ. ಎಲ್ಲೋ ದೂರದ ಸಮುದ್ರದಲ್ಲಿ ಯಾರೋ ದೋಣಿಯಲ್ಲಿ ನಿಂತು ತೆಗೆದ ಫೋಟೋಗಳು ನಮ್ಮ ಮುಂದೆ ಬರುತ್ತವೆ. ನೀರಿನಿಂದ ಮೇಲೆದ್ದ ರೆಕ್ಕೆಯ ಸುತ್ತ ನಾವು ಗೆರೆ ಎಳೆಯಬೇಕು. ರೆಕ್ಕೆ ಯಾವುದು, ಅಲೆ ಯಾವುದು ಅಂತ ಕಂಪ್ಯೂಟರಿಗೆ ಕಲಿಸುವುದಕ್ಕಂತೆ. ಬಯಲುಸೀಮೆಯ ಕೆರೆಗಳಲ್ಲಿ ನೀರಿರುವುದೇ ಅಪರೂಪ, ಅಂಥ ಕಡೆ ಕೂತು ಸಮುದ್ರದ ಪಾಠ ಹೇಳುವವರು ನಾವು!

ಗೆರೆ ಎಳೆಯುವುದರಲ್ಲಿ ಕೈ ಕೂತ ಮೇಲೆ ಇನ್ನೊಂದು ಕೆಲಸ ಕೊಟ್ಟರು. ಪರದೆಯ ಮೇಲೆ ಎರಡು ಡಾಲ್ಫಿನ್ ರೆಕ್ಕೆಗಳು ಅಕ್ಕಪಕ್ಕ ಬರುತ್ತವೆ, ಒಂದು ಹಳೆಯ ಫೋಟೋ, ಒಂದು ಹೊಸದು. ಎರಡೂ ಒಂದೇ ಡಾಲ್ಫಿನ್ನಿನದೋ ಬೇರೆಬೇರೆಯದೋ ಹೇಳಬೇಕು. ಕುಡುಗೋಲಿನ ಹಾಗೆ ಹಿಂದಕ್ಕೆ ಬಾಗಿದ ಆ ರೆಕ್ಕೆಯ ಹಿಂಬದಿಯ ಅಂಚಿನಲ್ಲಿ ಕತ್ತರಿಸಿ ತೆಗೆದಂಥ ಸಣ್ಣ ಸಣ್ಣ ಕಚ್ಚುಗಳಿರುತ್ತವೆ. ಅವೇ ಗುರುತು. ಮೊದಲ ದಿನ ಅದನ್ನು ನೋಡಿದಾಗ ನನಗೆ ಮೈ ಜುಂ ಎಂದಿತ್ತು. ಇದು ನಮ್ಮ ಕುರಿಯ ಕಿವಿಯಲ್ಲವೇ!

ನಾನು ಬಿ.ಜಿ. ಕೆರೆ ಹತ್ತಿರದ ಹಟ್ಟಿಯವಳು. ನಮ್ಮಲ್ಲಿ ಮರಿ ಹುಟ್ಟಿದ ಕೆಲವು ದಿನಕ್ಕೆ ಕಿವಿಗೆ ಕಚ್ಚು ಹಾಕುತ್ತಾರೆ. ಒಂದೊಂದು ಮನೆಗೆ ಒಂದೊಂದು ಕಚ್ಚು. ನಮ್ಮದು ಎಡಗಿವಿಯ ತುದಿಗೆ ಒಂದು, ಕೆಳಗೆ ಒಂದು. ಸಾವಿರ ಕುರಿ ಕಲೆತರೂ ಕಿವಿ ನೋಡಿ ಮನೆಮನೆಗೆ ಬೇರ್ಪಡಿಸುತ್ತಾರೆ. ಅವ್ವ ಮಾತ್ರ ಕಿವಿಯನ್ನು ನೋಡುವುದೂ ಇಲ್ಲ, ಕತ್ತಲಾಗುವ ಹೊತ್ತಿಗೆ ಕುರಿ ರೊಪ್ಪದ ಬಾಗಿಲಲ್ಲಿ ನಿಂತು ಬೆರಳಲ್ಲಿ ಸವರಿ ಒಳಗೆ ಬಿಡುತ್ತಾಳೆ. ಇದನ್ನೆಲ್ಲ ನಾನು ಕಾಲೇಜಿನಲ್ಲಿ ಯಾರಿಗೂ ಹೇಳಿದವಳಲ್ಲ. ಬಸ್ಸಿನಲ್ಲಿ ಪಕ್ಕದವರು ಮೂಗು ಸೊಟ್ಟ ಮಾಡಿದರೆ ಸಾಕು, ನನ್ನ ದುಪಟ್ಟಾ ಕುರಿ ವಾಸನೆ ಹೊಡೆಯುತ್ತಿದೆಯೇನೋ ಅಂತ ಸೀಟು ಬಿಟ್ಟು ಎದ್ದು ನಿಲ್ಲುತ್ತಿದ್ದೆ.

ಆ ಕಚ್ಚು ನೋಡಿದ ದಿನ ಮನೆಗೆ ಹೋದವಳೇ ಅವ್ವನನ್ನು ಕೇಳಿದೆ, "ಒಂದ್ಸಲ ಹಾಕಿದ ಕಚ್ಚು ಬದಲಾಗ್ತೈತೇನವ್ವ?"

"ಎಲ್ಲಾದ್ರೂ ಉಂಟಾ? ಮರಿಗೆ ಹಾಕಿದ್ದು ಸಾಯೋಗಂಟ ಅಷ್ಟೇ. ಮ್ಯಾಲೆ ಇನ್ನೊಂದು ಕಚ್ಚು ಬಿದ್ದೈತೆ ಅಂದ್ರೆ ಕಳ್ಳನ ಕೈ ಬಿದ್ದೈತೆ ಅಂತ. ಅದು ನಮ್ದಲ್ಲ ಅಂತ ಬಿಟ್ಬಿಡೋದೇಯ."

ಅಷ್ಟೇ ಸಾಕಾಯಿತು ನನಗೆ. ಮಾರನೆಯ ದಿನ ಸೂಪರ್‌ವೈಸರ್ ಬರುವ ಮುಂಚೆ ಹಾಲ್‌ನಲ್ಲಿ ಎದ್ದು ನಿಂತು ಪಾಠ ಮಾಡಿದೆ: ಕಚ್ಚು ಎಣಿಸಿ, ಹಳೆಯದರಲ್ಲಿ ಒಂದಿದ್ದು ಹೊಸದರಲ್ಲಿ ಎರಡಾಗಿದ್ದರೆ ಕಣ್ಣು ಮುಚ್ಚಿ 'ಬೇರೆ' ಒತ್ತಿ. ಇದು ನನ್ನ ಸ್ವಂತ ಬುದ್ಧಿ ಎಂಬಂತೆ ಹೇಳಿದೆ. ಕುರಿಯ ಮಾತು ಎತ್ತಲೇ ಇಲ್ಲ. ಎಲ್ಲರ ಕೆಲಸ ಚಕಚಕ ಸಾಗಿತು. ವೇಗವನ್ನಷ್ಟೇ ಕಂಡ ಸೂಪರ್‌ವೈಸರ್ ನನ್ನ ಕುರ್ಚಿಯ ಹತ್ತಿರ ಬಂದು "ತಲೆ ಐತೆ ಕಣ್ರಿ ನಿಮಗೆ" ಅಂದರು. ಅಲ್ಪನಿಗೆ ಐಶ್ವರ್ಯ ಬಂದರೆ ಅರ್ಧರಾತ್ರಿಯಲ್ಲಿ ಕೊಡೆ ಹಿಡಿದನಂತೆ, ನಾನು ನಡುಹಗಲಲ್ಲೇ ಹಿಡಿದೆ. ಪಕ್ಕದವರ ಪರದೆಗೆಲ್ಲ ಇಣುಕಿ ತಿದ್ದತೊಡಗಿದೆ.

ನನ್ನ ಪಕ್ಕದ ಸೀಟಿನವಳು ಮೊಳಕಾಲ್ಮೂರಿನ ಕಡೆಯಿಂದ ಬರುವವಳು. ಮನೆಮಾತು ತೆಲುಗು, ನನಗಿಂತ ಚಿಕ್ಕವಳು, ಮದುವೆಯಾಗಿ ಎರಡು ವರ್ಷ. ಗಂಡನ ಮನೆಯಲ್ಲಿ ಸೀರೆ ನೇಯುವ ಮಗ್ಗವಿದೆ. ಮದುವೆಯಾದಂದಿನಿಂದ ಮೂಲೆಯಲ್ಲಿ ಕೂತು ಕಂಡಿಕೆಗೆ ನೂಲು ಸುತ್ತುತ್ತಿದ್ದವಳು ಅತ್ತೆಯ ಕಾಲು ಹಿಡಿದು ಈ ಕೆಲಸಕ್ಕೆ ಬಂದಿದ್ದಳು. ಕೆಲಸ ಹೋದರೆ ಮತ್ತೆ ಅದೇ ಮೂಲೆ ಅಂತ ಅತ್ತೆ ಮೊದಲೇ ಹೇಳಿ ಕಳಿಸಿದ್ದರು. ನಿಧಾನಸ್ಥೆ. ಒಂದೊಂದು ಜೋಡಿಯನ್ನೂ ಗುಬ್ಬಿ ಕಾಳು ಹೆಕ್ಕಿದಂತೆ ನೋಡುತ್ತಿದ್ದಳು.

"ಏಮೋ ಅಕ್ಕಾ, ನಂಗೆ ಇವೆರಡೂ ಒಂದೇ ಅನ್ನಿಸ್ತೈತೆ," ಅಂದಳು ಒಂದು ದಿನ. "ಮೇಲಿನ ಬಾಗು ಹಂಗೇ ಐತೆ, ಈ ಬಿಳೀ ಗೀರೂ ಐತೆ. ಕಚ್ಚು ಒಂದು ಜಾಸ್ತಿ, ಅಷ್ಟೇ."

"ಅಷ್ಟೇ ಅಂತೀಯಲ್ಲ, ಅದೇ ಮುಖ್ಯ! ಬೇರೆ ಒತ್ತು."

"ಒಂದ್ಸಲ ಸಾರ್‌ನ ಕೇಳಾಣ?"

"ನನಗಿಂತ ಜಾಸ್ತಿ ತಿಳಿದೈತಾ ನಿಂಗೆ?" ಅಂತ ರೇಗಿದೆ. ನನ್ನ ಕೋಪ ಮೂಗಿನ ತುದಿಯಲ್ಲೇ ಇರುತ್ತದೆ, ಅವ್ವನೇ ಹೇಳುವ ಮಾತಿದು. ಪಾಪ, ಅವಳು 'ಒಂದೇ' ಅಂತ ಒತ್ತಿದ್ದನ್ನೆಲ್ಲ ನಾನು ಪಕ್ಕದಲ್ಲಿ ಕೂತು 'ಬೇರೆ' ಮಾಡಿಸಿದೆ. ಸರಿಯಾಗಿದ್ದದ್ದನ್ನು ಕೂತು ಕೆಡಿಸಿದೆ ಅಂತ ಆಗ ಗೊತ್ತಿರಲಿಲ್ಲ.

ಕೆಲವು ದಿನಕ್ಕೆ, ಕೆಲಸ ಕೊಟ್ಟವರ ಕಡೆಯಿಂದ ಎಲ್ಲವೂ ತಪ್ಪು ಅಂತ ವಾಪಸ್ ಬಂತು. ಸೂಪರ್‌ವೈಸರ್ ಬೆಳಿಗ್ಗೆ ಬಂದವರೇ ಬ್ಯಾಗನ್ನು ಮೇಜಿನ ಮೇಲೆ ಒಗೆದರು. "ಏನ್ರಿ ಇದು? ಒಂದೇ ಡಾಲ್ಫಿನ್ನನ್ನ ಮೂರು ಮಾಡಿ ಕಳಿಸಿದೀರಲ್ರಿ! ರೆಕ್ಕೆಗೆ ಬಲೆ ತಾಗ್ತದೆ, ದೋಣಿ ಫ್ಯಾನ್ ತಾಗ್ತದೆ, ಒಂದನ್ನೊಂದು ಕಚ್ಕೊಂತಾವೆ. ವರ್ಷ ಹೋದಂಗೆ ಕಚ್ಚು ಜಾಸ್ತಿ ಆಗೇ ಆಗ್ತವೆ. ಟ್ರೈನಿಂಗ್‌ನಲ್ಲಿ ಬಡ್ಕೊಂಡಿದ್ದೆನಲ್ರಿ, ಪೂರ್ತಿ ಆಕಾರ ನೋಡ್ರಿ ಅಂತ!"

ತಾನು ಕೆಟ್ಟ ಕೋತಿ ವನವನ್ನೆಲ್ಲ ಕೆಡಿಸಿತಂತೆ. ಇಡೀ ಹಾಲ್ ನನ್ನ ಕಡೆ ನೋಡಿತು. ಆದರೆ ಸೂಪರ್‌ವೈಸರ್ ನನ್ನ ಹತ್ತಿರ ಬರಲಿಲ್ಲ, ಪಕ್ಕದ ಸೀಟಿನ ಮುಂದೆ ನಿಂತರು. ಅವಳ ಕೆಲಸ ಹಿಂದೆಯೂ ಒಮ್ಮೆ ವಾಪಸ್ ಬಂದಿತ್ತು. ಎರಡು ಸಲ ಬಂದರೆ ಸೀಟು ಬೇರೆಯವರಿಗೆ, ಅದು ಅಲ್ಲಿಯ ನಿಯಮ. "ನೀವು ಒಂದೇ ಅಂತ ಒತ್ತಿ, ಆಮೇಲೆ ಬೇರೆ ಮಾಡಿದೀರಿ. ಯಾಕ್ರಿ? ಯಾರು ಹೇಳಿದ್ರು?"

ಅವಳು ಕೀಬೋರ್ಡ್ ನೋಡುತ್ತಾ ಕೂತಳು. ನನ್ನ ಹೆಸರು ಅವಳ ನಾಲಿಗೆಯ ತುದಿಯಲ್ಲಿತ್ತು, ಹೇಳಿದ್ದರೆ ಬಚಾವಾಗುತ್ತಿದ್ದಳು, ಆದರೂ ಹೇಳಲಿಲ್ಲ. ನಾನು ಎದ್ದು ನಿಂತೆ. 'ನಾನು ಹೇಳಿದ್ದು' ಅನ್ನಬೇಕು ಅಂತಲೇ ಎದ್ದಿದ್ದು, ದೇವರಾಣೆಗೂ. ಎಲ್ಲರ ಕಣ್ಣು ಮೈಮೇಲೆ ಬಿದ್ದ ಕೂಡಲೇ ಬಾಯಿಂದ ಬಂದದ್ದೇ ಬೇರೆ.

"ನಮ್ಮವ್ವ ಸಾರ್. ನಮ್ಮವ್ವ ಕುರಿ ಕಾದೋಳು, ಓದಿಲ್ಲ ಬರೆದಿಲ್ಲ. ಕುರಿ ಕಿವಿ ಕಚ್ಚು ಬದಲಾಗಲ್ಲ, ಇದೂ ಹಂಗೇ ಅಂತ ತಲೆ ತಿಂದ್ಲು. ಅವಳ ಮಾತು ಕೇಳಿ ಹಿಂಗಾಯ್ತು."

ಸೂಪರ್‌ವೈಸರೇ ಮೊದಲು ನಕ್ಕರು. "ಕುರಿ ಲೆಕ್ಕ ತಂದು ಸಮುದ್ರಕ್ಕೆ ಹಾಕಿದ್ರೇನ್ರಿ!" ಎಂದು ಕಣ್ಣಲ್ಲಿ ನೀರು ಬರುವ ತನಕ ನಕ್ಕರು. ಹಾಲ್‌ಗೆ ಹಾಲ್ ನಕ್ಕಿತು. ನಗುವಿನಲ್ಲಿ ಅವರ ಸಿಟ್ಟು ಇಳಿಯಿತು. ಎಲ್ಲವನ್ನೂ ಮತ್ತೆ ಮಾಡಿಕೊಡಿ, ಇದೊಂದು ಸಲ ಬಿಟ್ಟಿದ್ದೀನಿ ಎಂದರು. ಪಕ್ಕದವಳ ಸೀಟು ಉಳಿಯಿತು, ನನ್ನದೂ ಉಳಿಯಿತು. ಮಧ್ಯಾಹ್ನದ ಹೊತ್ತಿಗೆ ಯಾರು ಏನು ತಪ್ಪು ಮಾಡಿದರೂ "ಅವ್ವನ ರೂಲ್ ಹಾಕಿದ್ಯಾ?" ಅನ್ನುವುದು ಶುರುವಾಯಿತು. ನಾನೂ ಎಲ್ಲರ ಜೊತೆ ಹಲ್ಲು ಕಿರಿದೆ. ಅದನ್ನು ನೆನೆದರೆ ಇವತ್ತಿಗೂ ನನ್ನ ಮುಖಕ್ಕೆ ನಾನೇ ಉಗಿದುಕೊಳ್ಳಬೇಕು ಅನ್ನಿಸುತ್ತದೆ.

ನಗದೆ ಇದ್ದವಳು ಅವಳೊಬ್ಬಳೇ. ಸಂಜೆ ಬಳ್ಳಾರಿ ಕಡೆಯ ಬಸ್ಸಿನಲ್ಲಿ ಇಬ್ಬರೂ ಒಂದೇ ಸೀಟಿನಲ್ಲಿ ಕೂತಿದ್ದೆವು. ನಿನ್ನನ್ನು ಉಳಿಸಿದೆ ನೋಡು ಅನ್ನುವ ಬಿಗುಮಾನ ನನ್ನ ಮುಖದಲ್ಲಿ ಇನ್ನೂ ಇದ್ದಿರಬೇಕು. ಅವಳು ಕಿಟಕಿಯಾಚೆ ನೋಡುತ್ತಾ ಮೆಲ್ಲಗೆ ಅಂದಳು, "ಅಮ್ಮನ್ನ ಯಾಕೆ ಎಳೆದ್ರಿ ಅಕ್ಕಾ? ನಿಮ್ಮ ಹೆಸರು ಹೇಳಿದ್ರೂ ಅವರು ಬೈದು ಬಿಡೋರು."

ನನ್ನ ಊರು ಬಂತು, ಇಳಿದೆ.

ಹಟ್ಟಿಗೆ ಹೋದರೆ ಅವ್ವ ಜಗಲಿಯ ಮೇಲೆ ಕೂತು ಶೇಂಗಾ ಸುಲಿಯುತ್ತಿದ್ದಳು. ಜೊತೆಗೆ ಎದುರು ಮನೆಯ ಚಿಕ್ಕಮ್ಮ. ನನ್ನನ್ನು ನೋಡಿದ್ದೇ ಚಿಕ್ಕಮ್ಮ, "ಬಂದ್ಲು ನೋಡು ಸಮುದ್ರದಾಕಿ! ನಿಮ್ಮವ್ವನ ಬಾಯಿ ಮುಚ್ಸಾಕೆ ಆಗ್ವಲ್ದು ತಾಯಿ. 'ನಾನು ಹೇಳ್ಕೊಟ್ಟಿದ್ದು ಆಫೀಸ್‌ನಾಗೆಲ್ಲ ನಡೀತೈತೆ' ಅಂತ ಹಟ್ಟಿಗೆಲ್ಲ ಸಾರ್ಕೊಂಡು ಬಂದವಳೆ," ಅಂದಳು. ಹೌದು, ಸೂಪರ್‌ವೈಸರ್ ಹೊಗಳಿದ ದಿನ ಹಾಗಂತ ಅವ್ವನಿಗೆ ಹೇಳಿದ್ದವಳು ನಾನೇ. ಅವ್ವ ನಾಚಿಕೊಂಡು ಸೆರಗನ್ನು ಬಾಯಿಗೆ ಹಿಡಿದಳು. ಅರವತ್ತರ ಹತ್ತಿರದ ಹೆಂಗಸು, ಹೊಸ ಮದುವಣಗಿತ್ತಿಯ ಹಾಗೆ. ಭೂಮಿ ಬಾಯಿ ಬಿಡಬಾರದೇ ಅನ್ನಿಸಿತು.

ಚಿಕ್ಕಮ್ಮ ಎದ್ದು ಹೋದ ಮೇಲೆ ಅವ್ವ ಕೇಳಿದಳು, "ಅಲ್ಲ, ನಮ್ಮ ಕುರಿಗೆ ನಾವು ಕಚ್ಚು ಹಾಕ್ತೀವಿ. ಸಮುದ್ರದಾಗಿನವಕ್ಕೆ ಯಾರು ಹಾಕ್ತಾರೆ?"

"ಯಾರೂ ಹಾಕಲ್ಲವ್ವ. ಬಲೆ ತಾಗಿ, ದೋಣಿ ತಾಗಿ ಕೊಯ್ಕೊಂತಾವೆ."

"ಅಯ್ಯೋ ಶಿವನೆ." ಅವಳ ಕೈ ನಿಂತಿತು. "ಹಂಗಾದ್ರೆ ಬದುಕಿರಾಗಂಟ ಬೀಳ್ತಾನೇ ಇರ್ತಾವಲ್ಲ ಕಚ್ಚು. ಮತ್ತೆ ನಾನು ಹೇಳಿದ್ದು ಹೆಂಗ್ ನಡೀತು?"

ಸುಳ್ಳು ಹೇಳಬಹುದಿತ್ತು. "ನಡೀಲಿಲ್ಲವ್ವ," ಅಂದೆ. "ಎಲ್ಲಾ ವಾಪಸ್ ಬಂತು."

ಅವ್ವ ಸಿಪ್ಪೆಯನ್ನು ಒಂದು ಕಡೆ, ಬೀಜವನ್ನು ಒಂದು ಕಡೆ ಸರಿಸಿದಳು. "ಬೈದ್ರಾ?"

"ಬೈಲಿಲ್ಲ."

"ಯಾಕೆ?"

"ನೀನು ಹೇಳ್ಕೊಟ್ಟಿದ್ದು ಅಂತ ಹೇಳ್ದೆ. ನಕ್ಕು ಬಿಟ್ಬಿಟ್ರು." ಅವಳ ಮುಖ ನೋಡಲಾಗದೆ ಶೇಂಗಾದ ಮೊರದ ಕಡೆ ನೋಡುತ್ತಾ ಕೂತೆ. ಬೈಯಲಿ, ನಿನ್ನ ಹೆತ್ತ ಹೊಟ್ಟೆಗೆ ಬೆಂಕಿ ಹಾಕ ಅನ್ನಲಿ, ಎರಡು ಬಿಗಿಯಲಿ ಅಂತ ಕಾದೆ.

ಅವ್ವ ನನ್ನ ಅಂಗೈ ಎಳೆದು ಒಂದು ಹಿಡಿ ಬೀಜ ಸುರಿದಳು. "ಒಳ್ಳೇದಾಯ್ತು ಬಿಡು. ನನ್ನನ್ನ ಅಲ್ಲಿ ಯಾರು ನೋಡವ್ರೆ? ನೀನು ದಿನಾ ಹೋಗಿ ಕೂರೋಳು," ಅಂದಳು. "ತಿನ್ನು, ಬೆಳಿಗ್ಗೆಯಿಂದ ಏನ್ ತಿಂದಿದ್ಯೋ."