ಸುಶೀಲಮ್ಮನವರ ಉತ್ತರ

ಪಾರ್ಶ್ವವಾಯು ಹೊಡೆದ ಮೇಲೆ ಮಿದುಳು ಮಾತನ್ನು ಮತ್ತೆ ಹೇಗೆ ಕಲಿಯುತ್ತೆ ಅನ್ನೋದರ ಬಗ್ಗೆ ಒಂದು ಸಾಕ್ಷ್ಯಚಿತ್ರ ಮಾಡುತ್ತಿದ್ದೆ. ಅವತ್ತು ಹನುಮಂತನಗರದ ಸುಶೀಲಮ್ಮನವರ ಮನೆಯಲ್ಲಿ ಚಿತ್ರೀಕರಣ. ಬಸ್ ಕಂಡಕ್ಟರ್ ಆಗಿ ದಿನವಿಡೀ ಕೂಗಿ ದುಡಿದವರು ಅವರು. ಈಗ ಎಲ್ಲ ಅರ್ಥವಾಗುತ್ತೆ, ಪದ ಮಾತ್ರ ಬಾಯಿಗೆ ಬರೋದು ಬಹಳ ನಿಧಾನ.

"ನಿಮಗೆ ಯಾವುದು ತುಂಬಾ ಕಷ್ಟ ಅನ್ಸುತ್ತೆ ಅಮ್ಮ?" ಅಂದೆ. ಅವರು ಬಾಯಿ ತೆರೆಯುವಷ್ಟರಲ್ಲಿ ಪಕ್ಕದಲ್ಲಿ ಕೂತಿದ್ದ ಗಂಡ, "ಹೆಸರುಗಳು ಸಾರ್, ನೆನಪಾಗಲ್ಲ" ಅಂದರು. ಮತ್ತೆ ಕೇಳಿದೆ. ಮತ್ತೆ ಅವರೇ, "ಫೋನಲ್ಲಿ ಮಾತಾಡೋದು ಸಾರ್." ಹೆಂಡತಿ ತಡವರಿಸೋದನ್ನು ನೋಡಲು ಪಾಪ ಅವರಿಂದ ಆಗುತ್ತಿರಲಿಲ್ಲ. ಮೂರನೇ ಸಲ ಸುಶೀಲಮ್ಮ ಗಂಡನ ಕೈ ಹಿಡಿದು ತಡೆದರು. ನಾವೆಲ್ಲ ಕಾದೆವು. ಅವರ ಕುತ್ತಿಗೆಯ ನರ ಉಬ್ಬಿತು, ಕಣ್ಣಲ್ಲಿ ನೀರು ಬಂತು. ಒಂದು ಪದ ಹೇಳಿಕೊಟ್ಟುಬಿಡೋಣ ಅಂತ ನನಗೂ ಅನ್ನಿಸಿತು. ಕಷ್ಟಪಟ್ಟು ಸುಮ್ಮನಿದ್ದೆ.

"ಇವರು... ಮಾತಾಡಕ್ಕೆ... ಬಿಡಲ್ಲ" ಅಂದರು.

ಗಂಡನ ಮುಖ ಸಪ್ಪಗಾಯಿತು. ನನ್ನ ಕಡೆ ತಿರುಗಿ, "ಮದುವೆ ಆದಾಗಿಂದ ನನ್ನನ್ನ ಇವಳೆಲ್ಲಿ ಬಿಟ್ಟಿದ್ಲು ಸಾರ್?" ಅಂದರು. ಸುಶೀಲಮ್ಮ ಜೋರಾಗಿ ನಕ್ಕರು. ಆಮೇಲೆ ಗಂಡ ತುಟಿ ಬಿಚ್ಚಲಿಲ್ಲ. ಆಕೆ ಒಂದೊಂದೇ ಪದ ಜೋಡಿಸುತ್ತಾ ಸಂಜೆವರೆಗೆ ಮಾತಾಡಿದರು.

ನಾನು ಹೊರಡುವಾಗ ಗಂಡ ಗೇಟಿನವರೆಗೆ ಬಂದು, "ಅವಳ ಆ ಒಂದು ಮಾತು ಚಿತ್ರದಲ್ಲಿ ಬೇಡ ಸಾರ್" ಅಂದರು. ಹೇಳಿದವರನ್ನೇ ಕೇಳೋಣ ಅಂತ ತಿರುಗಿದೆ. ಬಾಗಿಲಲ್ಲಿ ನಿಂತಿದ್ದ ಸುಶೀಲಮ್ಮ, "ಇರಲಿ" ಅಂದರು. ಆ ಪದಕ್ಕೆ ಮಾತ್ರ ಅರೆಕ್ಷಣವೂ ಹಿಡಿಯಲಿಲ್ಲ.