ಮಗಳ ಮಾತಿಗೆ ಬಾಯಾದವನು

ಗೈಡು ತರುಮಿ ಕತ್ಸುನೊರಿಯ ಜೊತೆ ಒಂದು ದಿನ ತಿರುಗಾಡಿದ ಯಾವ ಪ್ರವಾಸಿಯೂ ಜಪಾನಿನ ನಮ್ಮ ತ್ಸುರುಗದ ಜನ ಒರಟರು ಅಂತ ಹೇಳಿದ್ದಿಲ್ಲ. ಹೇಳೋದಕ್ಕೆ ಅವನು ಬಿಟ್ಟರೆ ತಾನೆ. ನಾವು ಬಂದರಿನ ಜನ, ಬಾಯಿಗೆ ಬಂದ ಮಾತನ್ನ ಹಿಡಿದಿಟ್ಟುಕೊಂಡು ಗೊತ್ತಿಲ್ಲ. ಮೀನುಪೇಟೆಯ ಗೊಂದಾನನ್ನೇ ತಗೊಳ್ಳಿ. ಏಡಿಯ ಕಾಲು ಎಳೆದೆಳೆದು ನೋಡೋ ಪ್ರವಾಸಿಗಳನ್ನ ಕಂಡರೆ ಅವನಿಗೆ ಮೈಯೆಲ್ಲ ಉರಿ. "ಕೊಳ್ಳೋ ಮುಖ ಅಲ್ಲ ಇದು. ಕೈ ತೆಗಿ ಅಂತ ಹೇಳಯ್ಯ ಆ ಹೆಂಗಸಿಗೆ" ಅಂತ ಗುರುಗುಟ್ಟುತ್ತಾನೆ. ಕತ್ಸುನೊರಿ ಆ ಹೆಂಗಸಿನ ಕಡೆ ತಿರುಗಿ, ಸೊಂಟ ಬಗ್ಗಿಸಿ, "ಇಷ್ಟು ದೂರದಿಂದ ಬಂದಿದ್ದೀರಿ, ನನಗೆ ಬಹಳ ಸಂತೋಷ. ಏಡಿ ಚುಚ್ಚೀತು, ಕೈ ಜೋಪಾನ" ಅಂತ ಇಂಗ್ಲಿಷಿನಲ್ಲಿ ಹೇಳುತ್ತಾನೆ. ಆಕೆ ಕರಗಿಹೋಗಿ ಗೊಂದಾನಿಗೆ ಬಗ್ಗಿ ಬಗ್ಗಿ ವಂದಿಸುತ್ತಾಳೆ. ಗೊಂದಾ ಪಕ್ಕದಂಗಡಿಯವನಿಗೆ, "ಬೈದಷ್ಟೂ ನಮಸ್ಕಾರ ಮಾಡ್ತಾರಲ್ಲೋ, ಇವರನ್ನೆಲ್ಲ ಎಲ್ಲಿಂದ ಹಿಡ್ಕೊಂಡು ಬರ್ತಾನೋ" ಅನ್ನುತ್ತಾನೆ.

ದುಭಾಷಿಯ ಕೆಲಸಕ್ಕೆ ಒಂದು ನೇಮ ಇದೆ. 'ಅವರು ಹೀಗಂದರು, ಹಾಗಂದರು' ಅಂತ ಪಕ್ಕದಲ್ಲಿ ನಿಂತು ವರದಿ ಒಪ್ಪಿಸೋ ಹಾಗಿಲ್ಲ. ಮಾತಾಡಿದವರು 'ನಾನು' ಅಂದರೆ ತಾನೂ 'ನಾನು' ಅನ್ನಬೇಕು. ಅಷ್ಟು ಹೊತ್ತು ತನಗೆ ಸ್ವಂತ ಬಾಯಿಲ್ಲ, ಅವರ ಬಾಯೇ ತನ್ನ ಬಾಯಿ. ಕತ್ಸುನೊರಿ ಈ ನೇಮದ ಅರ್ಧವನ್ನ ಚಾಚೂ ತಪ್ಪದೆ ಪಾಲಿಸಿದ. 'ನಾನು' ಅನ್ನೋದನ್ನ ಮರೆತವನಲ್ಲ. ಆ 'ನಾನು' ಆದಮೇಲೆ ಬರೋದೆಲ್ಲ ಅವನದೇ ಅಡುಗೆ.

ಇದು ಕೆಲಸಕ್ಕೆ ಸೇರಿದ ಮೇಲೆ ಕಲಿತದ್ದಲ್ಲ, ಹುಟ್ಟುಗುಣ. ಅವನ ಮನೆಯಲ್ಲಿ ಕೆಳಗೆ ತಾಯಿ, ಮಹಡಿ ಮೇಲೆ ಇವನೂ ಹೆಂಡತಿ ಕಯೊನೂ ಮಗಳು ಚಿನಾಮಿಯೂ. ಅತ್ತೆ ಸೊಸೆ ಜಗಳ ಆಡಿದವರಲ್ಲ. ಜಗಳ ಆಡಿದ್ದರೂ ಚೆನ್ನಾಗಿತ್ತು. ಮಾತೇ ಇಲ್ಲ, ಏನಿದ್ದರೂ 'ಅವಳಿಗೆ ಹೇಳಪ್ಪ', 'ಅವರಿಗೆ ಹೇಳ್ರಿ' ಅಂತ ಇವನ ಮೂಲಕ. ಇವನು ಮೆಟ್ಟಿಲು ಹತ್ತುವಾಗೊಂದು ಮಾತು, ಇಳಿಯುವಾಗೊಂದು ಮಾತು. "ಮೀನು ಅಷ್ಟು ಸೀಸಿದ್ರೆ ಯಾರು ತಿಂತಾರೆ" ಅಂತ ತಾಯಿ ಕೆಳಗೆ ಅಂದದ್ದು ಮೇಲೆ ಹೋಗುವಷ್ಟರಲ್ಲಿ, "ಇವತ್ತು ಅಮ್ಮನಿಗೆ ಹಸಿವಿಲ್ಲವಂತೆ" ಅಂತ ಆಗಿರುತ್ತಿತ್ತು. ಯಾರ ಮನಸ್ಸೂ ನೋಯಬಾರದು ಅನ್ನೋದು ಅವನ ವಾದ. ನಿಜ ಹೇಳಬೇಕೆಂದರೆ, ಮುಖ ಗಂಟಿಕ್ಕಿಕೊಂಡವರ ಎದುರು ಒಂದು ಗಳಿಗೆ ನಿಲ್ಲೋ ತಾಕತ್ತು ಅವನಿಗಿರಲಿಲ್ಲ. ಹೇಡಿತನಕ್ಕೆ ಒಳ್ಳೆಯತನ ಅಂತ ಹೆಸರಿಟ್ಟುಕೊಂಡು ಬದುಕಿದ.

ಕಯೊಗೆ ಬೇರೆ ಮನೆ ಮಾಡೋ ಆಸೆ. "ನಿಮ್ಮಮ್ಮನ್ನ ಕೇಳಿ ನೋಡಿ" ಅಂದಳು. ಇವನು ಕೇಳಲಿಲ್ಲ. ಕೆಳಗೆ ಹೋಗಿ ಟೀ ಕುಡಿದು ಮೇಲೆ ಬಂದು, "ಈ ಚಳಿ ಕಳೀಲಿ ಅಂದ್ರು" ಅಂದ. ಆಮೇಲೆ "ಸೊಂಟನೋವು ವಾಸಿಯಾಗಲಿ ಅಂದ್ರು" ಅಂದ. ಹೀಗೇ ವರ್ಷಗಳು ಉರುಳಿದವು. ಒಂದು ದಿನ ಇವನು ಪ್ರವಾಸಿಗಳನ್ನ ಕರೆದುಕೊಂಡು ಹೊರಗೆ ಹೋಗಿದ್ದಾಗ, ನೀರಿನ ಕೊಳಾಯಿ ಒಡೆದು ಅತ್ತೆ ಸೊಸೆ ಇಬ್ಬರೂ ಒಂದೇ ಅಡುಗೆಮನೆಯಲ್ಲಿ ನೆಲ ಒರೆಸುತ್ತಾ ಕೂರಬೇಕಾಯಿತು. ಕಯೊ ಧೈರ್ಯ ಮಾಡಿ ಬಾಯಿ ಬಿಟ್ಟಳು. "ಯಾಕಮ್ಮ ನಮ್ಮನ್ನ ಹೋಗೋಕೆ ಬಿಡಲ್ಲ ನೀವು?" ಮುದುಕಿ ಬಟ್ಟೆ ಹಿಂಡುತ್ತಿದ್ದವಳು ತಲೆಯೆತ್ತಿ, "ನನ್ನನ್ನ ಯಾರು ಕೇಳಿದ್ರು? ಕೇಳಿದ್ರೆ ಅವತ್ತೇ ಕಳಿಸ್ತಿದ್ದೆ" ಅಂದಳು.

ಅವರಿಬ್ಬರಿಗೆ ಪರಸ್ಪರ ಸಿಟ್ಟು ಬರಲಿಲ್ಲ. ಸಿಟ್ಟೆಲ್ಲ ಒಟ್ಟಾಗಿ ಇವನ ಮೇಲೆ ಬಂತು. ಕಯೊ ಎಂಟು ವರ್ಷದ ಮಗಳನ್ನ ಕರೆದುಕೊಂಡು ತವರಿಗೆ ಹೋದಳು, ಬೇರೆ ಮನೆಗಲ್ಲ. ಅವಳನ್ನ ರೈಲು ಹತ್ತಿಸಿ ಬಂದವಳು ಇವನ ತಾಯಿಯೇ. ನಮ್ಮಲ್ಲಿ ಗಂಡಹೆಂಡತಿ ಬೇರೆಯಾದರೆ ಮಗು ಒಬ್ಬರ ಪಾಲು, ಇನ್ನೊಬ್ಬರು ಮುಖ ತೋರಿಸದೆ ಇರೋದೇ ಮರ್ಯಾದೆ. ಮಗುವಿನ ಮನಸ್ಸು ಕಲಕಬಾರದು ಅಂತಾರೆ. ಇವನು ಅದಕ್ಕೂ ತಲೆಯಾಡಿಸಿದ. ಒಂದು ಸಲ ಆ ಮನೆ ಬಾಗಿಲಿಗೆ ಹೋಗಿ ಬೈಸಿಕೊಂಡಾದರೂ ಬರಲಿಲ್ಲವಲ್ಲ, ಈ ಮನುಷ್ಯ.

ಮಗಳು ತಾನಾಗಿ ಈ ಊರಿಗೆ ಬಂದದ್ದು ದೊಡ್ಡವಳಾದ ಮೇಲೆ. ಬಂದರಿನ ಹಿಂದಿನ ಬೀದಿಯಲ್ಲಿ ಹಮಾಜಿ ಅನ್ನೋ ಮುದುಕನ ಕಡಲಸೊಪ್ಪಿನ ಅಂಗಡಿ ಇದೆ. ಉತ್ತರದ ದ್ವೀಪದಿಂದ ಬರೋ ಒಣಗಿದ, ಬೆಲ್ಟಿನಂಥ ಸೊಪ್ಪನ್ನ ವಿನೆಗರಿನಲ್ಲಿ ನೆನೆಸಿ, ಒಂದು ತುದಿಯನ್ನ ಕಾಲಡಿ ಒತ್ತಿ ಹಿಡಿದು, ಚಾಕುವಿನಿಂದ ಹೆರೆಯುತ್ತಾ ಕೂರೋ ಕೆಲಸ. ಈರುಳ್ಳಿ ಸಿಪ್ಪೆಗಿಂತ ತೆಳ್ಳಗೆ ಪದರ ಎದ್ದು ಬರುತ್ತೆ, ಅದನ್ನ ಸಾರಿಗೆ ಹಾಕಿಕೊಳ್ಳುತ್ತೇವೆ, ಅನ್ನದುಂಡೆಗೆ ಸುತ್ತುತ್ತೇವೆ. ಕತ್ಸುನೊರಿ ಒಂದು ದಿನ ಯಾರೋ ಪ್ರವಾಸಿಗಳ ಜೊತೆ ಅಲ್ಲಿಗೆ ಹೋದಾಗ, ನೆಲದ ಮೇಲೆ ಕೂತು ಹೆರೆಯುತ್ತಿದ್ದ ಹುಡುಗಿಗೆ ಕಯೊಳ ಹುಬ್ಬು, ಇವನ ತಾಯಿಯ ಗಲ್ಲ. ಹೆಸರು ಕೇಳಿದ. ಚಿನಾಮಿ ಅಂದಳು. ಅವನ ಬಾಯಿಂದ "ಒಳ್ಳೆ ಹೆಸರು" ಅಂತಷ್ಟೇ ಬಂತು.

ಅಲ್ಲಿಂದ ಮುಂದೆ ವರ್ಷಗಟ್ಟಲೆ ಅವನ ಪ್ರತಿ ತಿರುಗಾಟವೂ ಹಮಾಜಿಯ ಅಂಗಡಿಗೆ ಬಂದು ನಿಲ್ಲುತ್ತಿತ್ತು. ಪ್ರವಾಸಿಗಳಿಗೆ ದೇವಸ್ಥಾನ ಬೇಕಿರಲಿ, ಏಡಿ ಬೇಕಿರಲಿ, ಕಡಲಸೊಪ್ಪು ತಪ್ಪಿದ್ದಲ್ಲ. ಅವರ ಪ್ರಶ್ನೆಗಳನ್ನ ಮಗಳಿಗೆ ಕೇಳಬಹುದು, ಮಗಳ ದನಿ ಕೇಳಬಹುದು. ಅವನ ಎದೆ ಮೇಲಿನ ಬಿಲ್ಲೆಯಲ್ಲಿ ತರುಮಿ ಅಂತ ಮನೆತನದ ಹೆಸರು ದೊಡ್ಡದಾಗಿ ಬರೆದಿದೆ, ಅವಳಿಗೆ ಗೊತ್ತಾಗದೆ ಇರುತ್ತಾ? ಗೊತ್ತಿದೆ ಅಂತ ಒಂದು ದಿನ ಅಂದುಕೊಳ್ಳುತ್ತಿದ್ದ, ಗೊತ್ತಿಲ್ಲ ಅಂತ ಇನ್ನೊಂದು ದಿನ. ಯಾವುದು ಹಿತವೋ ಅವತ್ತಿಗೆ ಅದು. ಅವಳು ಅವನನ್ನ 'ಗೈಡ್ ಅವರೇ' ಅಂತಲೇ ಕರೆಯುತ್ತಿದ್ದಳು.

ಈ ಚಳಿಗಾಲದ ಶುರುವಿನಲ್ಲಿ ಹಮಾಜಿ ಫೋನು ಮಾಡಿದ. "ನಿನ್ನ ಗಿರಾಕಿಗಳನ್ನ ಬೇಗ ಕರ್ಕೊಂಡು ಬಾ ಮಾರಾಯ. ಹುಡುಗಿ ತಿಂಗಳ ಕೊನೆಗೆ ಹೋಗ್ತಾಳೆ. ಉತ್ತರದಲ್ಲಿ ಸೊಪ್ಪು ಕೊಯ್ಯೋ ಊರಿನ ಹುಡುಗನ್ನ ಮದುವೆ ಆಗ್ತಾಳಂತೆ. ಆಮೇಲೆ ನನ್ನ ಈ ಮೂತಿ ನೋಡೋಕೆ ಯಾರು ಬರ್ತಾರೆ?"

ಕತ್ಸುನೊರಿಗೆ ಆ ತಿಂಗಳಲ್ಲಿ ಉಳಿದದ್ದು ಒಂದೇ ತಿರುಗಾಟ. ಅವತ್ತು ಹೇಳಿಬಿಡಬೇಕು ಅಂತ ನಿಶ್ಚಯ ಮಾಡಿದ. ನಾನು ನಿನ್ನಪ್ಪ ಅನ್ನಬೇಕು, ಅವಳು ಹೋಗೋ ಮೊದಲು ಒಂದು ಸಲ ಅವಳ ಬಾಯಲ್ಲಿ ಅಪ್ಪ ಅನ್ನಿಸಿಕೊಳ್ಳಬೇಕು. ಅಷ್ಟು ಸಿಕ್ಕರೆ ಸಾಕು ಅಂದುಕೊಂಡ.

ಅವತ್ತಿನ ಗಿರಾಕಿ ಗ್ವೆನ್ ಪ್ರಿಚರ್ಡ್, ವೇಲ್ಸಿನವಳು, ಆಸ್ಪತ್ರೆಯಲ್ಲಿ ನರ್ಸಾಗಿದ್ದು ನಿವೃತ್ತಳಾದವಳು. ಬೆಳಿಗ್ಗೆ ಹಡಗಿನಿಂದ ಇಳಿದವಳೇ ದಿನವಿಡೀ ಕಾರು, ಗೈಡು ತನಗೊಬ್ಬಳಿಗೇ ಅನ್ನೋ ಖುಷಿಯಲ್ಲಿದ್ದಳು. ಪಾಪ, ಅವಳಿಗೇನು ಗೊತ್ತು. ದೊಡ್ಡ ಕೆಂಪು ಹೆಬ್ಬಾಗಿಲಿನ ದೇವಸ್ಥಾನದಲ್ಲಿ ಒಳಹೋಗೋ ಮೊದಲು ಕೈತೊಳೆಯೋ ಕ್ರಮ ಕಲಿಯುವಷ್ಟರಲ್ಲೇ ಅವನು ಕಾರಿನ ಬಾಗಿಲು ತೆಗೆದು ನಿಂತಿದ್ದ. ಕಡಲ ದಂಡೆಯ ಪೈನ್ ತೋಪನ್ನ ಕಿಟಕಿಯಿಂದ ತೋರಿಸಿದ.

"ಇಳಿದು ನೋಡಬಾರದಾ?" ಅಂದಳು ಗ್ವೆನ್.

"ಮಧ್ಯಾಹ್ನದ ಬೆಳಕಿಗೆ ಇನ್ನೂ ಚೆನ್ನಾಗಿರುತ್ತೆ. ಆಮೇಲೆ ಬರೋಣ" ಅಂದ. ಮಧ್ಯಾಹ್ನ ಅಲ್ಲಿ ಕಣ್ಣಿಗೇ ಬಿಸಿಲು ಹೊಡೆಯುತ್ತೆ ಅಂತ ನಮ್ಮೂರಿನ ಮಕ್ಕಳಿಗೂ ಗೊತ್ತು.

ಹಮಾಜಿಯ ಅಂಗಡಿಯಲ್ಲಿ ವಿನೆಗರಿನ ಹುಳಿ ಮೂಗಿಗೆ ಹೊಡೆಯಿತು. ಮುದುಕ ಒಳಗೆ ಸಾರು ಕಾಯಿಸುತ್ತಿದ್ದ. ಚಿನಾಮಿ ತಲೆಗೆ ಬಿಳಿ ಬಟ್ಟೆ ಕಟ್ಟಿ ನೆಲದ ಮೇಲೆ ಕೂತು ಹೆರೆಯುತ್ತಿದ್ದಳು. ಗ್ವೆನ್ ಅವಳೆದುರು ಸಣ್ಣ ಸ್ಟೂಲಿನ ಮೇಲೆ ಕೂತು ಕಣ್ಣು ಮಿಟುಕಿಸದೆ ನೋಡಿದಳು. ಕತ್ಸುನೊರಿ ಇಬ್ಬರ ನಡುವೆ ಮಂಡಿಯೂರಿದ. ಗ್ವೆನ್ ಅದು ಇದು ಕೇಳುತ್ತಿದ್ದರೆ ಇವನು ಅದನ್ನ ಜಪಾನಿಯಲ್ಲಿ ಹೇಳುತ್ತಾ, ಒಳಗೊಳಗೇ ತನ್ನ ಮಾತನ್ನ ಜೋಡಿಸಿಕೊಳ್ಳುತ್ತಿದ್ದ.

"ಎಂಥ ಕೈ ಇವಳದು. ಯಾರು ಕಲಿಸಿದರು ಕೇಳಿ. ಅಪ್ಪನ ಕೆಲಸವಾ ಇದು?" ಅಂದಳು ಗ್ವೆನ್.

ಅವನು ಚಿನಾಮಿಯ ಕಡೆ ತಿರುಗಿದ. ಕೇಳಿದ. ಇದೇ ಸಮಯ, ಇಲ್ಲಿಂದಲೇ ಮಾತು ತೆಗೆಯಬಹುದು ಅಂತ ಅನ್ನಿಸಿತು.

ಚಿನಾಮಿ ಚಾಕು ನಿಲ್ಲಿಸಲಿಲ್ಲ, ತಲೆಯೂ ಎತ್ತಲಿಲ್ಲ. "ಇಲ್ಲ. ನಮ್ಮಪ್ಪನ ಕೆಲಸ ಒಬ್ಬರ ಮಾತನ್ನ ಇನ್ನೊಬ್ಬರಿಗೆ ಮುಟ್ಟಿಸೋದು. ಮುಟ್ಟಿಸೋ ಮೊದಲು ತನಗೆ ಬೇಕಾದ ಹಾಗೆ ತಿದ್ದುತಿದ್ದ. ಅಮ್ಮ ಬೇರೆ ಮನೆ ಕೇಳಿದ್ಲು. ಅಜ್ಜಿ ತಡಿ ಅಂದ್ಲು ಅಂತ ಬಂದು ಹೇಳ್ದ. ಅಜ್ಜಿಯನ್ನ ಕೇಳೇ ಇರ್ಲಿಲ್ಲ. ಅವನು ಕೆಟ್ಟವನಲ್ಲ. ಕೆಟ್ಟವನಾಗಿದ್ರೆ ದ್ವೇಷ ಮಾಡಿ ಮುಗಿಸಬಹುದಿತ್ತು. ಮಾತೇ ಬೇಕಿಲ್ಲದ ಕೆಲಸ ಅಂತ ನಾನು ಇದನ್ನ ಹುಡುಕ್ಕೊಂಡು ಬಂದೆ. ನನಗೆ ಅಪ್ಪ ಬೇಡ."

ಗೊತ್ತಿತ್ತು ಅವಳಿಗೆ. ಮೊದಲ ದಿನದಿಂದಲೂ ಗೊತ್ತಿತ್ತು. ಗ್ವೆನ್ ಉತ್ತರಕ್ಕೆ ಕಾಯುತ್ತಾ ಅವನ ಮುಖವನ್ನೇ ನೋಡುತ್ತಿದ್ದಳು. ಆಗ ಆ ಹಾಳು ನಾಲಿಗೆ ತಾನಾಗಿ ಹೊರಳಿತು. ಜೀವಮಾನವೆಲ್ಲ ಒಂದೇ ಕಡೆ ಹೊರಳಿದ ನಾಲಿಗೆ, ಇವತ್ತೊಂದು ದಿನ ನೆಟ್ಟಗಾಗುತ್ತಾ?

"ಇಲ್ಲ, ನಮ್ಮಪ್ಪನದು ಮಾತಿನ ಕೆಲಸ" ಅಂದ ಇಂಗ್ಲಿಷಿನಲ್ಲಿ. "ಬಹಳ ಮೃದು ಮನುಷ್ಯ. ಮನೆಯಲ್ಲಿ ಎಲ್ಲರೂ ಸಂತೋಷವಾಗಿರಲಿ ಅಂತ ಒದ್ದಾಡಿದ. ಈಗ ನಾವು ದೂರ ದೂರ ಇದ್ದೇವೆ. ನನಗೆ ಅವನ ನೆನಪಾಗುತ್ತೆ."

"ಒಳ್ಳೆಯ ಮಗಳು" ಅಂದಳು ಗ್ವೆನ್, ಕಣ್ಣಲ್ಲಿ ನೀರು ತಂದುಕೊಂಡು.

ಚಾಕು ನಿಂತಿತು. ಚಿನಾಮಿ ತಲೆಯೆತ್ತಿ ಗ್ವೆನ್‌ಳನ್ನ ನೋಡಿ, ನಿಧಾನವಾಗಿ, ಒಂದೊಂದೇ ಪದ ಇಡುತ್ತಾ, ಇಂಗ್ಲಿಷಿನಲ್ಲಿ ಹೇಳಿದಳು. "ನಾನು ಹಾಗೆ ಹೇಳಲಿಲ್ಲ."

ಕತ್ಸುನೊರಿಗೆ ಈಗ ಗೊತ್ತಾಯಿತು. ಅವಳಿಗೆ ಇಂಗ್ಲಿಷ್ ಬರುತ್ತೆ. ಇಷ್ಟು ವರ್ಷ ಅವಳ ಮುಂದೆ ಮಂಡಿಯೂರಿ ಅವಳ ಮಾತಿಗೆ ಸಕ್ಕರೆ ಹಾಕಿದ್ದನ್ನೆಲ್ಲ ಅವಳು ಸೊಪ್ಪು ಹೆರೆಯುತ್ತಾ ಕೇಳಿಸಿಕೊಂಡಿದ್ದಾಳೆ. ಅಪ್ಪನ ಬಗ್ಗೆ ಅಮ್ಮ ಹೇಳಿದ್ದು ನಿಜವೋ ಸುಳ್ಳೋ ಅಂತ ಅಳೆದು ನೋಡುತ್ತಿದ್ದಳೋ ಏನೋ. ಪ್ರತಿ ಸಲವೂ ಇವನು ಕಯೊಳ ಮಾತನ್ನೇ ನಿಜ ಮಾಡಿ ಎದ್ದು ಹೋಗಿದ್ದ.

"ನಾನು ಹೇಳಿದ್ದನ್ನ ಹಾಗೇ ಹೇಳಿ, ಗೈಡ್ ಅವರೇ" ಅಂದಳು ಅವಳು, ಈಗ ಜಪಾನಿಯಲ್ಲಿ. "ಮೊದಲಿಂದ. ನಾನು ಕೇಳಿಸ್ಕೋತೀನಿ."

ಹೇಳಿದ. ಬೇರೆ ದಾರಿ ಏನಿತ್ತು. ನೇಮದ ಪ್ರಕಾರ 'ನಾನು' ಅಂತಲೇ ಶುರು ಮಾಡಿದ. ತಿದ್ದುತ್ತಿದ್ದದ್ದು, ಅಮ್ಮ, ಬೇರೆ ಮನೆ, ಕೇಳದೆ ಬಿಟ್ಟ ಅಜ್ಜಿ, ಒಂದನ್ನೂ ನುಂಗಲಿಲ್ಲ. 'ಕೆಟ್ಟವನಲ್ಲ' ಅನ್ನುವಾಗ ದನಿ ಸ್ವಲ್ಪ ಮೇಲೆದ್ದಿತು, ಅಲ್ಲೇ ನಿಲ್ಲಿಸಬಹುದಿತ್ತು, ನಿಲ್ಲಿಸಲಿಲ್ಲ. "ನನಗೆ ಅಪ್ಪ ಬೇಡ" ಅಂತ ತನ್ನ ಬಾಯಿಂದಲೇ ಹೇಳಿ ಮುಗಿಸಿದ.

"ಈಗ ಸರಿಯಾಯ್ತು" ಅಂದಳು ಚಿನಾಮಿ. ಅವನ ಇಡೀ ಬದುಕಿನಲ್ಲಿ ಮಗಳು ಅವನನ್ನ ಮೆಚ್ಚಿದ್ದು ಅಂದರೆ ಇದೊಂದೇ.

ಗ್ವೆನ್ ಒಮ್ಮೆ ಅವಳನ್ನ, ಒಮ್ಮೆ ಇವನನ್ನ ನೋಡಿದಳು. ಏನೋ ತಪ್ಪು ಪ್ರಶ್ನೆ ಕೇಳಿಬಿಟ್ಟೆ ಅನ್ನೋದಷ್ಟೇ ಅವಳಿಗೆ ತಿಳಿದದ್ದು. "ಕ್ಷಮಿಸು ಅಂತ ಹೇಳಿ ಇವಳಿಗೆ" ಅಂದಳು. ಇವನು ಹೇಳಿದ.

ಚಿನಾಮಿ ಚಾಕುವನ್ನ ಬಟ್ಟೆಯಲ್ಲಿ ಒರೆಸಿದಳು. "ಅವರದೇನೂ ತಪ್ಪಿಲ್ಲ. ಆದ್ರೆ ಇನ್ನೊಂದು ಮಾತು ಹೇಳಿಬಿಡಿ. ನಾನು ಈ ಊರು ಬಿಡ್ತಿದ್ದೀನಿ. ಎಲ್ಲಿಗೆ ಅಂತ ಹಮಾಜಿ ಅಜ್ಜನ್ನ ಕೇಳಬೇಡಿ, ನನ್ನ ಹುಡುಕ್ಕೊಂಡು ಬರಬೇಡಿ ಅಂತ ಹೇಳಿ."

"ಯಾರಿಗೆ ಹೇಳಲಿ?" ಅಂದ ಕತ್ಸುನೊರಿ. ಅಷ್ಟು ಹೊತ್ತಿನಲ್ಲಿ ಅವನು ಮಗಳಿಗೆ ಆಡಿದ ಒಂದೇ ಸ್ವಂತ ಮಾತು ಅದು.

"ಅವರಿಗೆ ಹೇಳಿ. ಅವರೇ ತಾನೆ ನನ್ನ ನೋಡೋಕೆ ಬಂದಿರೋದು?"

ಇವನು ಗ್ವೆನ್ ಕಡೆ ತಿರುಗಿ ಒಂದಕ್ಷರ ಬಿಡದೆ ಹೇಳಿದ. ನಾನು ಈ ಊರು ಬಿಡುತ್ತಿದ್ದೇನೆ, ಎಲ್ಲಿಗೆ ಅಂತ ಹಮಾಜಿ ಅಜ್ಜನನ್ನ ಕೇಳಬೇಡಿ, ನನ್ನ ಹುಡುಕಿಕೊಂಡು ಬರಬೇಡಿ.

ಆ ಹೆಂಗಸು ಕಕ್ಕಾಬಿಕ್ಕಿಯಾದಳು. "ನಾನ್ಯಾಕೆ ಬರಲಿ? ಸಂಜೆ ನನ್ನ ಹಡಗು ಹೊರಡುತ್ತಲ್ಲ. ನನಗೆ ಇವಳು ಯಾರು, ಇವಳಿಗೆ ನಾನು ಯಾರು, ಹೇಳಿ ಅವಳಿಗೆ."

ಅದನ್ನ ಜಪಾನಿಯಲ್ಲಿ ಹೇಳೋದು ಅವನ ಕೆಲಸ. ಮಗಳ ಕಡೆ ತಿರುಗಿದ, ಬಾಯಿ ತೆರೆದ, 'ನಾನು' ಅಂದ. ಮುಂದಿನ ಮಾತು ಬರಲಿಲ್ಲ.

"ಬಿಡಿ, ಕಷ್ಟಪಡಬೇಡಿ" ಅಂದಳು ಚಿನಾಮಿ, ಇನ್ನೊಂದು ಸೊಪ್ಪನ್ನ ಕಾಲಡಿಗೆ ಎಳೆದುಕೊಳ್ಳುತ್ತಾ. "ನನಗೆ ಅರ್ಥ ಆಯ್ತು."